ಬೆನ್ನ ಹಿಂದಿನ ಕ್ಲಿಪ್ಪುಗಳು

2025ರ ಜನವರಿಯಲ್ಲಿ ಬೆಂಗಳೂರಿನ ಒಂದು ಸ್ಟುಡಿಯೋದಲ್ಲಿ ಯುಗಾದಿ ಬಟ್ಟೆಗಳ ಫೋಟೋಶೂಟ್ ಇತ್ತು. ಕಡಿಮೆ ಬೆಲೆಗೆ ಚೆಂದದ ಬಟ್ಟೆ ಮಾರುವ ಬ್ರ್ಯಾಂಡ್. ನಾನು ಸ್ಟೈಲಿಸ್ಟ್‌ಗೆ ಸಹಾಯಕಿ. ಸ್ಟೀಮರ್ ಹಿಡಿದು ಸುಕ್ಕು ತೆಗೆಯುವುದು, ಚಪ್ಪಲಿಯ ಅಟ್ಟೆಗೆ ಟೇಪ್ ಅಂಟಿಸುವುದು (ಶೂಟ್ ಮುಗಿದ ಮೇಲೆ ಅದು ಹೊಸದರಂತೆಯೇ ವಾಪಸ್ ಹೋಗಬೇಕು), ಮಾಡೆಲ್ ಮೈಮೇಲೆ ಬಟ್ಟೆ ಸರಿಯಾಗಿ ಕೂರಿಸುವುದು, ಇವೆಲ್ಲ ನನ್ನ ಕೆಲಸ.

ಅಲ್ಲಿದ್ದ ಯಾವ ಬಟ್ಟೆಯ ಬೆಲೆಯೂ 999 ದಾಟಿರಲಿಲ್ಲ. ಸಾವಿರಕ್ಕಿಂತ ಕಡಿಮೆ ಅನಿಸಲಿ ಅನ್ನುವುದೊಂದೇ ಕಾರಣವಲ್ಲ. ಆಗ ಸಾವಿರ ರೂಪಾಯಿವರೆಗಿನ ಉಡುಪಿಗೆ ಶೇ. 5 ಜಿಎಸ್‌ಟಿ, ದಾಟಿದರೆ ಶೇ. 12. ಅದೇ ವರ್ಷ ಸೆಪ್ಟೆಂಬರ್ 22ರಿಂದ ಆ ಮಿತಿ 2500ಕ್ಕೆ ಏರಿತು. 999ರೊಳಗೆ ಬಟ್ಟೆ, ಹೊಲಿಗೆ, ಅಂಗಡಿ ಬಾಡಿಗೆ ಎಲ್ಲ ಹೊಂದಿಸಬೇಕಲ್ವಾ? ಹಾಗಾಗಿ ಒಳಗೆ ಲೈನಿಂಗ್ ಇರಲಿಲ್ಲ, ಹೊಲಿಗೆ ಪಕ್ಕ ಮಾರ್ಜಿನ್ ಕೂಡ ಇರಲಿಲ್ಲ. ನಮ್ಮ ಬೀದಿಯ ಟೈಲರ್ ಆದರೆ ಮುಂದೆ ಬಿಚ್ಚಿ ಸಡಿಲ ಮಾಡಿಕೊಳ್ಳಲಿ ಅಂತ ಒಳಗೆ ಬಟ್ಟೆ ಬಿಟ್ಟಿರುತ್ತಾರೆ.

ಮಧ್ಯಾಹ್ನ ಸಾಸಿವೆ ಬಣ್ಣದ ರೇಯಾನ್ ಕುರ್ತಾದ ಸರದಿ ಬಂತು. ಬೆಲೆ 599. ಸ್ಯಾಂಪಲ್ ಎಂ ಸೈಜಿನದು, ಮಾಡೆಲ್ ತುಂಬ ತೆಳ್ಳಗೆ. ಹಾಕಿದ ಕೂಡಲೇ ಭುಜ ಜಾರಿತು. ಎಲ್ಲ ಶೂಟುಗಳಲ್ಲೂ ಮಾಡುವ ಹಾಗೆ ಬೆನ್ನಿನುದ್ದಕ್ಕೂ ಬಟ್ಟೆ ಮಡಿಚಿ ಕಪ್ಪು ಕ್ಲಿಪ್ಪು ಹಾಕುತ್ತಾ ಬಂದೆ. ಮುಂದಿನಿಂದ ನೋಡಿದರೆ ಅಳತೆ ಕೊಟ್ಟು ಹೊಲಿಸಿದ ಹಾಗಿತ್ತು. ಆದರೆ ಆ ಹುಡುಗಿ ಅತ್ತಿತ್ತ ತಿರುಗುವಂತಿರಲಿಲ್ಲ. ಸ್ವಲ್ಪ ಪಕ್ಕಕ್ಕೆ ವಾಲಿದರೂ ಕ್ಲಿಪ್ಪು ಫೋಟೋದಲ್ಲಿ ಬೀಳುತ್ತಿತ್ತು.

ಸ್ಟುಡಿಯೋ ಗುಡಿಸುವ ಅಕ್ಕ ಫೋಟೋ ಕಾಣುತ್ತಿದ್ದ ಲ್ಯಾಪ್‌ಟಾಪ್ ಮುಂದೆ ನಿಂತರು.

"ಎಷ್ಟಮ್ಮ ಇದು?"

"ಆರುನೂರು ಅಕ್ಕ."

"ನಮ್ ಹುಡ್ಗೀಗೆ ಹಬ್ಬಕ್ಕೆ ಕೊಡಿಸ್ಬೋದು. ಹಿಂಗೇ ಕೂರುತ್ತಲ್ವಾ?"

ಹೂಂ ಅನ್ನಲು ಮನಸ್ಸು ಬರಲಿಲ್ಲ. ಕರೆದುಕೊಂಡು ಹೋಗಿ ಮಾಡೆಲ್ ಬೆನ್ನು ತೋರಿಸಿದೆ. ಅವರು ಕುರ್ತಾದ ಅಂಚನ್ನು ಎರಡು ಬೆರಳಲ್ಲಿ ಉಜ್ಜಿ ನೋಡಿದರು. "ಬಟ್ಟೆ ಚೆನ್ನಾಗೈತೆ. ಲೂಸಿದ್ರೆ ಒಳ್ಳೇದೇ. ಒಂದು ಸಲ ಒಗೆದ್ರೆ ಕುಗ್ಗುತ್ತೆ" ಅಂದರು. ರೇಯಾನ್ ವಿಷಯದಲ್ಲಿ ಅದು ಸರಿಯಾದ ಮಾತು. ಬಟ್ಟೆ ಗೊತ್ತಿರುವವರಿಗೆ ಸಡಿಲ ಇರುವುದು ಕೊರತೆಯೇ ಅಲ್ಲ. ಅದನ್ನು ನಾವು ಯಾಕೆ ಮುಚ್ಚಿಡಬೇಕು?

ಕ್ಲಿಪ್ಪು ತೆಗೆದು ನಾಲ್ಕು ಫೋಟೋ ತೆಗೆಯೋಣ ಅಂತ ಫೋಟೋಗ್ರಾಫರ್‌ಗೆ ಕೇಳಿಕೊಂಡೆ. ಅವರು ಒಪ್ಪಿದರು. ಕ್ಲಿಪ್ಪು ಬಿಚ್ಚಿದ್ದೇ ಮಾಡೆಲ್ ಉಸಿರು ಬಿಟ್ಟು ನಕ್ಕಳು. ಜೇಬಿಗೆ ಕೈ ಹಾಕಿ ನಡೆದಳು, ಗಿರ್ರನೆ ತಿರುಗಿದಳು. ಬಟ್ಟೆ ಅವಳ ಜೊತೆಗೇ ಸುತ್ತಿತು. ಆ ದಿನದ ಫೋಟೋಗಳಲ್ಲಿ ನನಗೆ ಜಾಸ್ತಿ ಇಷ್ಟವಾದದ್ದು ಅವೇ. ಬ್ರ್ಯಾಂಡಿನವರು ಅಂಗಡಿಯ ಪೋಸ್ಟರಿಗೆ ಕ್ಲಿಪ್ಪು ಹಾಕಿದ್ದನ್ನೇ ಆರಿಸಿಕೊಂಡರು. ಆನ್‌ಲೈನಿನಲ್ಲಿ ಸಡಿಲವಾಗಿರುವುದನ್ನೂ ಹಾಕಿದರು, ಕೆಳಗೆ ಮಾಡೆಲ್ ಎತ್ತರ, ಹಾಕಿದ ಸೈಜು ಎರಡೂ ಇತ್ತು.

ಹಬ್ಬಕ್ಕೊಂದು ಬಟ್ಟೆ ಅಂತ ದುಡ್ಡು ಎತ್ತಿಟ್ಟು ಕೊಳ್ಳುವವರಿಗೆ ಇಷ್ಟಾದರೂ ತಿಳಿಯಬೇಕು. ಈಗ ಎಲ್ಲ ಶೂಟಿನಲ್ಲೂ ಕ್ಲಿಪ್ಪಿಲ್ಲದ ಫೋಟೋ ಕೇಳುತ್ತೇನೆ. ಸ್ಟುಡಿಯೋ ಬಾಡಿಗೆ ಗಂಟೆ ಲೆಕ್ಕ, ಹಾಗಾಗಿ ಕೆಲವರು ಟೈಮಿಲ್ಲ ಅನ್ನುತ್ತಾರೆ. ಎರಡೇ ನಿಮಿಷ ಸರ್ ಅಂತ ಮತ್ತೆ ಕೇಳುತ್ತೇನೆ.