ನೆಟ್ ಹೋಗಿಲ್ಲ ಕಣೆ ಪುಟ್ಟಿ

ಕಳೆದ ಶನಿವಾರ ತೈಪೆಯಲ್ಲಿ ಬಿಡದ ಮಳೆ. ತೈವಾನಿನ ನಿರ್ದೇಶಕ ತ್ಸಾಯ್ ಮಿಂಗ್ಲಿಯಾಂಗ್ ಅವರ ಸಿನಿಮಾ ‘ಗುಡ್‌ಬೈ, ಡ್ರ್ಯಾಗನ್ ಇನ್’ ಹಾಕಿಕೊಂಡು ಕೂತಿದ್ದೆ. ಪಕ್ಕದಲ್ಲಿ ಹೋಂವರ್ಕ್ ಮಾಡುತ್ತಿದ್ದ ಮಗಳು ತಲೆ ಎತ್ತಿ, “ಅಮ್ಮಾ, ನೆಟ್ ಹೋಗಿದೆ ನೋಡು” ಅಂದಳು.

ನೆಟ್ ಹೋಗಿರಲಿಲ್ಲ. ಶೋ ಮುಗಿದ ಮೇಲಿನ ಖಾಲಿ ಥಿಯೇಟರ್ ಅದು. ಟಿಕೆಟ್ ಕೊಡುವ ಹೆಂಗಸು ಕುಂಟುತ್ತಾ ಒಂದು ಕಡೆ ಮೆಟ್ಟಿಲು ಹತ್ತಿ, ಇನ್ನೊಂದು ಕಡೆ ಇಳಿದು ಹೊರಟುಹೋಗುತ್ತಾಳೆ. ಕ್ಯಾಮೆರಾ ಮಾತ್ರ ಕದಲುವುದಿಲ್ಲ. ಖಾಲಿ ಸೀಟು ನೋಡುತ್ತಾ ನಿಂತೇ ಇರುತ್ತದೆ.

ಈ ಮನುಷ್ಯನ ಸಿನಿಮಾಗಳೇ ಹಾಗೆ. 1994ರ ‘ವೀವ್ ಲಾಮೂರ್’ ಕೊನೆಯಲ್ಲಿ ಒಬ್ಬಳು ಪಾರ್ಕಿನ ಬೆಂಚಿನ ಮೇಲೆ ಕೂತು ಅಳುತ್ತಲೇ ಇರುತ್ತಾಳೆ, ಯಾಕೆ ಅಂತ ಯಾರೂ ಹೇಳಲ್ಲ. ಅದಕ್ಕೆ ವೆನಿಸ್ ಚಿತ್ರೋತ್ಸವದ ದೊಡ್ಡ ಪ್ರಶಸ್ತಿ ಗೋಲ್ಡನ್ ಲಯನ್ ಬಂತು. ಹೊರಗೆ ಪ್ರಶಸ್ತಿ, ಊರಲ್ಲಿ ಜನ ಕಮ್ಮಿ. ತೈಪೆಯ ರಸ್ತೆಗಳಲ್ಲಿ ಇವರೇ ನಿಂತು ತಮ್ಮ ಸಿನಿಮಾದ ಟಿಕೆಟ್ ಮಾರಿದ್ದುಂಟು. ಇವರೂ ಹೊರಗಿನಿಂದ ಬಂದವರೇ. ಹುಟ್ಟಿದ್ದು 1957ರಲ್ಲಿ, ಮಲೇಷ್ಯಾದ ಕುಚಿಂಗ್‌ನಲ್ಲಿ. ಅಜ್ಜ ಅಜ್ಜಿ ಕೈಹಿಡಿದು ಸಿನಿಮಾಕ್ಕೆ ಕರೆದೊಯ್ಯುತ್ತಿದ್ದರಂತೆ. ಆ ಹಳೇ ಥಿಯೇಟರುಗಳ ಮೋಹವೇ 2003ರ ಈ ಸಿನಿಮಾ. ಅದರೊಳಗಿನ ಥಿಯೇಟರಿನ ತೆರೆಯ ಮೇಲೆ ಓಡುವುದು 1967ರ ಕತ್ತಿವರಸೆಯ ಚಿತ್ರ ‘ಡ್ರ್ಯಾಗನ್ ಇನ್’. ಅದರಲ್ಲಿ ನಟಿಸಿದ ಇಬ್ಬರು ವಯಸ್ಸಾಗಿ ಪ್ರೇಕ್ಷಕರ ಸೀಟಿನಲ್ಲಿ ಕೂತು ತಮ್ಮನ್ನೇ ನೋಡಿಕೊಳ್ಳುತ್ತಾರೆ. ಒಬ್ಬರ ಕಣ್ಣಲ್ಲಿ ನೀರು.

“ಆಂಟಿ ಹೋದ್ಮೇಲೆ ಅಲ್ಲೇನಿದೆ ನೋಡಕ್ಕೆ?” ಮಗಳು ಬಿಡಲಿಲ್ಲ.

ನನಗೆ ತಿಪಟೂರಿನ ಚಿಕ್ಕಪ್ಪ ನೆನಪಾದರು. ಥಿಯೇಟರಿನಲ್ಲಿ ಗೇಟ್‌ಕೀಪರ್ ಆಗಿದ್ದರು. ನಾವೋ, ಪರದೆ ಮೇಲೆ ‘ಶುಭಂ’ ಬರುವ ಮೊದಲೇ ಎದ್ದು ಬಾಗಿಲಿಗೆ ನುಗ್ಗುವ ಜನ, ಅಲ್ವಾ? ನಾವೆಲ್ಲ ಹೋದಮೇಲೆ ಚಿಕ್ಕಪ್ಪ ಟಾರ್ಚ್ ಹಿಡಿದು ಒಂದೊಂದೇ ಸಾಲು ನೋಡಿಕೊಂಡು ಬರುತ್ತಿದ್ದರು. ಕಡಲೆಕಾಯಿ ಸಿಪ್ಪೆ, ಕರ್ಚೀಫು, ಒಂಟಿ ಚಪ್ಪಲಿ. ಒಂದು ಸಲ ನಿದ್ದೆ ಹೋಗಿದ್ದ ಮಗು! ಅಪ್ಪ ಅಮ್ಮ ಬಸ್‌ಸ್ಟ್ಯಾಂಡ್ ತಲುಪಿ ವಾಪಸ್ ಓಡಿಬಂದಿದ್ದರಂತೆ. ಫ್ರೀ ಪಾಸ್ ಬೇಕಾದಾಗ ಬಿಟ್ಟರೆ ನಾವ್ಯಾರೂ ಅವರನ್ನು ಸರಿಯಾಗಿ ಮಾತಾಡಿಸಿದವರಲ್ಲ. ಈಗ ಆ ಜಾಗದಲ್ಲಿ ಕಲ್ಯಾಣ ಮಂಟಪ ಇದೆ.

ಮಗಳಿಗೆ ಇದನ್ನೆಲ್ಲ ಹೇಳಿದೆ. ಅವಳಿಗೆ ಹಿಡಿಸಿದ್ದು ಆ ಚಪ್ಪಲಿ. ಗೇಟಿನ ಪಕ್ಕದ ಮೊಳೆಗೆ ಚಿಕ್ಕಪ್ಪ ಪುಟ್ಟದೊಂದು ಕೆಂಪು ಚಪ್ಪಲಿ ನೇತುಹಾಕಿದ್ದರು. ನಾನು ಹೈಸ್ಕೂಲಿಗೆ ಹೋಗುವಾಗಲೂ ಅಲ್ಲೇ ಇತ್ತು. “ಆಮೇಲೆ ಯಾರಾದ್ರೂ ಬಂದು ತಗೊಂಡ್ರಾ?”

ಗೊತ್ತಿರಲಿಲ್ಲ. ರಾತ್ರಿ ಊರಿಗೆ ಫೋನ್ ಮಾಡಿದೆ. ಚಿಕ್ಕಪ್ಪನಿಗೆ ಈಗ ಕಿವಿ ಮಂದ, ಎರಡು ಸಲ ಕೂಗಿ ಕೇಳಬೇಕಾಯಿತು.

“ಚಪ್ಪಲೀನಾ? ಯಾವುದಮ್ಮಾ, ಒಂದಾ ಎರಡಾ?” ಅಂದರು. ಸ್ವಲ್ಪ ಹೊತ್ತು ಸುಮ್ಮನಿದ್ದು, “ಆ ಕೆಂಪುದಾ?”