ಅವರೆಬೇಳೆ ತೆಂಥುಕ್: ನಾಲ್ಕನೇ ಭಾನುವಾರದ ತನಕ

ಈ ಚಳಿಗಾಲಕ್ಕೆ ನಾನು ಹಿಡಿದುಕೊಂಡ ಕೆಲಸ ಇದು. ಬೈಲುಕುಪ್ಪೆಯ ತೆಂಥುಕ್ ಒಂದು ಕಡೆ, ನಮ್ಮ ಮನೆಯ ಹಿತಕಿದ ಬೇಳೆ ಸಾರು ಇನ್ನೊಂದು ಕಡೆ. ಎರಡನ್ನೂ ಒಂದೇ ಪಾತ್ರೆಗೆ ಇಳಿಸಬೇಕು. ಟಿಬೆಟಿನವರು ಬೈಲುಕುಪ್ಪೆಗೆ ಬಂದು 60 ವರ್ಷ ದಾಟಿದೆ, ಅವರ ಸುತ್ತಲಿನ ಊರುಗಳಲ್ಲಿ ಡಿಸೆಂಬರ್ ಬಂದರೆ ಅವರೆಕಾಯಿಯ ಘಮ, ಆದರೂ ಇವೆರಡನ್ನು ಒಂದೇ ಬಟ್ಟಲಲ್ಲಿ ನಾನಂತೂ ನೋಡಿಲ್ಲ.

ತೆಂಥುಕ್ ತಿನ್ನದವರಿಗೆ: ಇದು ಥುಕ್ಪಾ, ಅಂದರೆ ಟಿಬೆಟಿನವರ ನೂಡಲ್ಸ್ ಸಾರಿನ ಜಾತಿಯದೇ. ಆದರೆ ಇಲ್ಲಿ ನೂಡಲ್ಸ್ ಹೊಸೆಯುವುದಿಲ್ಲ. ನಾದಿದ ಹಿಟ್ಟನ್ನು ಪಟ್ಟಿಯ ಹಾಗೆ ಎಳೆದು, ಹೆಬ್ಬೆರಳಿನ ಅಗಲಕ್ಕೆ ಚಿವುಟಿ ಚಿವುಟಿ ಕುದಿಯುವ ಸಾರಿಗೆ ಎಸೆಯುತ್ತಾರೆ. ಆಫೀಸಿನಲ್ಲಿ ಹುಬ್ಬಳ್ಳಿಯ ಗೆಳೆಯನಿಗೆ ಇಷ್ಟು ಹೇಳಿದ್ದೇ ತಡ, "ಇದು ನಮ್ಮ ಚಕೋಲಿನೇ ಐತಲ್ಲೋ" ಅಂದ. ಪೂರ್ತಿ ತಪ್ಪೇನಲ್ಲ ಬಿಡಿ.

ಮೊದಲನೇ ಭಾನುವಾರ ಸೋತೆ. ಅಮ್ಮನ ಮಸಾಲೆಯನ್ನೇ ರುಬ್ಬಿದೆ: ಕಾಯಿ, ಗಸಗಸೆ, ಚಕ್ಕೆ, ಲವಂಗ, ಧನಿಯಾ. ಸಾರು ಘಮ್ ಅನ್ನುತ್ತಿತ್ತು. ಅದಕ್ಕೆ ಹಿಟ್ಟಿನ ಚೂರುಗಳನ್ನು ಹಾಕಿದೆ. ಕಾಯಿ ಮತ್ತು ಗಸಗಸೆ ಮೊದಲೇ ಸಾರನ್ನು ಮಂದ ಮಾಡುತ್ತವೆ, ಹಿಟ್ಟು ಬೇಯುತ್ತಾ ಇನ್ನಷ್ಟು ನೀರು ಕುಡಿಯುತ್ತದೆ, ಅರ್ಧ ಗಂಟೆ ಬಿಟ್ಟು ನೋಡಿದರೆ ಸೌಟು ನೆಟ್ಟಗೆ ನಿಂತಿದೆ. "ಪೋಸ್ಟರ್ ಅಂಟಿಸೋಕೆ ಆಗುತ್ತೆ" ಅಂದಳು ಹೆಂಡತಿ. ತಿಂದೆವು, ಆದರೆ ಸುಮ್ನೆ ತಿಂದೆವು.

ಎರಡನೇ ಭಾನುವಾರ ರಾಗಿಯ ಹುಚ್ಚು. ಹಳೇ ಮೈಸೂರಿನವನು ನಾನು, ಮೈದಾ ಯಾಕೆ ಅಂತ ಬರೀ ರಾಗಿ ಹಿಟ್ಟು ಕಲಸಿದೆ. ಎಳೆಯೋಕೆ ಹೋದರೆ ಪಟ್ ಅಂತ ತುಂಡು. ರಾಗಿಯಲ್ಲಿ ಗ್ಲುಟೆನ್ ಇಲ್ಲ, ಎಳೆದರೆ ಹಿಗ್ಗಲು ಅದೇ ಬೇಕು. ಮುದ್ದೆ ಉಂಡು ಬೆಳೆದ ನನಗೆ ಇದು ಮೊದಲೇ ಹೊಳೆಯಬೇಕಿತ್ತು, ಅಲ್ವಾ? ಅವತ್ತೇ ಸಂಜೆ ಮೂರು ಪಾಲು ಮೈದಾಕ್ಕೆ ಒಂದು ಪಾಲು ರಾಗಿ ಬೆರೆಸಿ, ಹತ್ತು ನಿಮಿಷ ನಾದಿ, ಎಣ್ಣೆ ಸವರಿ ಅರ್ಧ ಗಂಟೆ ಮುಚ್ಚಿಟ್ಟೆ. ಉದ್ದಕ್ಕೆ ಬರಲಿಲ್ಲ, ಆದರೆ ಚಿವುಟುವಷ್ಟು ಬಂತು. ತಿಳಿ ಕಂದು ಬಣ್ಣ, ಸ್ವಲ್ಪ ಮಣ್ಣಿನ ರುಚಿ. ಇದನ್ನು ಇನ್ನು ಬದಲಿಸುವುದಿಲ್ಲ.

ನಡುವೆ ಒಂದು ಶನಿವಾರ ಬೈಲುಕುಪ್ಪೆಗೇ ಹೋಗಿ ಬಂದೆ. ನಾಲ್ಕು ಮೇಜಿನ ಒಂದು ಹೋಟೆಲು, ನಡೆಸುವವರು ವಯಸ್ಸಾದ ಹೆಂಗಸು. ಎಲ್ಲರೂ ಅವರನ್ನು ಅಮಾಲಾ ಅನ್ನುತ್ತಾರೆ, ನಾನೂ ಹಾಗೇ ಕರೆದೆ. ಮಗ ಸ್ವೆಟರ್ ಮಾರಲು ಬೇರೆ ಊರಿಗೆ ಹೋಗಿದ್ದನಂತೆ, ಹಾಗಾಗಿ ಅಡುಗೆ, ಗಲ್ಲಾ ಎರಡೂ ಅವರದೇ. ನನ್ನ ಕಥೆಯನ್ನೆಲ್ಲ ಕೇಳಿ ಅಚ್ಚ ಕನ್ನಡದಲ್ಲಿ, "ಮಸಾಲೆ ಯಾಕಪ್ಪಾ ಅಷ್ಟು? ಮೂಳೆ ಚೆನ್ನಾಗಿ ಬೇಯಿಸು, ಸಾಕು" ಅಂದರು. ಅಷ್ಟೇ. ವಾಪಸ್ ಬರುವ ಬಸ್ಸಿನಲ್ಲಿ ಅದನ್ನೇ ಯೋಚಿಸಿದೆ. ಅವರೆಯ ಸೊಗಡು ತಾನೇ ಒಂದು ಮಸಾಲೆ, ಅದರ ಮೇಲೆ ಲವಂಗ ಸುರಿದು ನಾನೇ ಅದನ್ನು ಮುಚ್ಚಿಹಾಕುತ್ತಿದ್ದೆ.

ಮೂರನೇ ಭಾನುವಾರ ಮಸಾಲೆ ಪೂರ್ತಿ ಬಂದ್. ಅರ್ಧ ಕಿಲೋ ಮಟನ್ ಮೂಳೆ, ಎರಡು ಲೀಟರ್ ನೀರು, ಜಜ್ಜಿದ ಶುಂಠಿ, ಬೆಳ್ಳುಳ್ಳಿ, ಈರುಳ್ಳಿ, ಸಣ್ಣ ಉರಿಯಲ್ಲಿ ಎರಡು ಗಂಟೆ. ಟಿಬೆಟ್ ಅಡುಗೆಯಲ್ಲಿ ಎರ್ಮಾ ಅಂತ ಒಂದು ಕಾಳು ಹಾಕುತ್ತಾರೆ, ನಾಲಿಗೆ ಜುಮ್ಮೆನ್ನುತ್ತದೆ. ಅದರ ಸೋದರ ನಮ್ಮಲ್ಲೇ ಇದ್ದಾನೆ: ಕರಾವಳಿಯವರು ಮೀನಿನ ಸಾರಿಗೆ ಹಾಕುವ ತಿರ್ಫಲ. ಮಲೆನಾಡಿನ ಕಡೆ ಜುಮ್ಮಿನಕಾಯಿ ಅಂತಲೂ ಹೇಳುತ್ತಾರೆ, ಹೆಸರೇ ಎಲ್ಲ ಹೇಳುತ್ತದೆ. ಖುಷಿಯಲ್ಲಿ ಹತ್ತು ಕಾಯಿ ಬೀಜ ಸಮೇತ ಕುಟ್ಟಿ ಹಾಕಿಬಿಟ್ಟೆ. ಹಲ್ಲು ಕೀಳಿಸಿಕೊಂಡು ಬಂದವರ ಹಾಗೆ ಮನೆಮಂದಿಯೆಲ್ಲ ತುಟಿ ಮುಟ್ಟಿ ನೋಡಿಕೊಂಡೆವು. ಮೇಲೆ ಬೀಜದ ಕರಕರ ಬೇರೆ. ಬೇಕಾದದ್ದು ಸಿಪ್ಪೆ ಮಾತ್ರ, ಬೀಜ ಬಿಸಾಕಬೇಕು.

ನಿನ್ನೆ ನಾಲ್ಕನೆಯದು. ರಾತ್ರಿಯೇ ನೆನೆಸಿಟ್ಟ ಕಾಳನ್ನು ಬೆಳಿಗ್ಗೆ ಮಗಳ ಜೊತೆ ಕೂತು ಹಿತಕಿದೆ. ಹೆಬ್ಬೆರಳು, ತೋರುಬೆರಳಿನ ನಡುವೆ ಒತ್ತಿದರೆ ಸಿಪ್ಪೆ ಕೈಯಲ್ಲಿ ಉಳಿದು ಬೇಳೆ ಚಂಗನೆ ಹಾರುತ್ತದೆ. ಪಾತ್ರೆಗೆ ಬಿದ್ದದ್ದು ಎರಡು ಬಟ್ಟಲು, ಫ್ರಿಜ್ ಅಡಿಗೆ ಹೋದದ್ದು ಲೆಕ್ಕವಿಲ್ಲ. ಮೂಳೆ ಸಾರಿಗೆ ಮೂಲಂಗಿ, ಎರಡು ಟೊಮೆಟೊ, ಆಮೇಲೆ ಬೇಳೆ. ಬೆಂದ ಬೇಳೆಯಲ್ಲಿ ಒಂದು ಹಿಡಿಯಷ್ಟನ್ನು ಸೌಟಿನ ಬೆನ್ನಲ್ಲಿ ಮಸೆದು ವಾಪಸ್ ಹಾಕಿದೆ, ಬೇಕಾದ ಮಂದ ಅದರಿಂದಲೇ ಬಂತು. ತಿರ್ಫಲ ಮೂರೇ ಮೂರು. ಹಿಟ್ಟು ಚಿವುಟಿ ಹಾಕಿದ ಮೇಲೆ ನಾಲ್ಕು ನಿಮಿಷ, ಚೂರುಗಳು ಮೇಲೆ ತೇಲಿದವು. ಪಾಲಕ್ ಬದಲು ಸಬ್ಬಸಿಗೆ ಸೊಪ್ಪು, ಯಾಕೆಂದರೆ ಅವರೆ ಇದ್ದ ಕಡೆ ಸಬ್ಬಸಿಗೆ ಇರಲೇಬೇಕು, ಇದರಲ್ಲಿ ಚರ್ಚೆ ಇಲ್ಲ. ಪಕ್ಕಕ್ಕೆ ಬ್ಯಾಡಗಿ ಮೆಣಸಿನಕಾಯಿ ಮತ್ತು ಬೆಳ್ಳುಳ್ಳಿ ಅರೆದ ಖಾರ, ಟಿಬೆಟಿನವರ ಸೆಪೆನ್ ತರಹ.

ಮಗಳು ಎರಡನೇ ಸಲ ಬಡಿಸಿಕೊಂಡಳು. ಹೆಂಡತಿ ಮಾತಾಡಲಿಲ್ಲ, ಖಾರದ ಬಟ್ಟಲನ್ನು ತನ್ನ ಕಡೆ ಎಳೆದುಕೊಂಡಳು.

ಇನ್ನೊಂದು ಬಾಕಿ ಇದೆ. ಟಿಬೆಟಿನವರ ಹೊಸ ವರ್ಷದ ಹಬ್ಬ ಲೋಸಾರ್‌ಗೆ ಮುಂಚೆ ಗುಥುಕ್ ಅಂತ ಒಂಬತ್ತು ಸಾಮಾನಿನ ಸಾರು ಮಾಡುತ್ತಾರೆ. ಅದರಲ್ಲಿ ದೊಡ್ಡ ಹಿಟ್ಟಿನ ಉಂಡೆಗಳು, ಒಳಗೆ ಮೆಣಸಿನಕಾಯಿ, ಇದ್ದಿಲು, ಉಣ್ಣೆ ಹೀಗೆ ಏನಾದರೂ ಬಚ್ಚಿಟ್ಟಿರುತ್ತಾರೆ. ಮೆಣಸಿನಕಾಯಿ ಸಿಕ್ಕವರು ವಾಚಾಳಿ, ಇದ್ದಿಲು ಸಿಕ್ಕವರ ಮನಸ್ಸು ಕಪ್ಪು ಅಂತ ತಮಾಷೆ. ಅಷ್ಟು ಹೊತ್ತಿಗೆ ಅವರೆ ಕಾಲ ಮುಗಿಯುತ್ತಾ ಬಂದಿರುತ್ತದೆ, ಅದಕ್ಕೇ ಇವತ್ತು ಎರಡು ಕಿಲೋ ಕಾಯಿ ತಂದು ಸುಲಿದು ಕಾಳನ್ನು ಫ್ರೀಜರಿನಲ್ಲಿಟ್ಟಿದ್ದೇನೆ. ಮೆಣಸಿನಕಾಯಿ ಉಂಡೆ ಯಾರ ಬಟ್ಟಲಿಗೆ ಹೋಗಬೇಕು ಅನ್ನುವುದನ್ನು ಮಗಳು ಈಗಲೇ ತೀರ್ಮಾನ ಮಾಡಿಯಾಗಿದೆ.