ಗಡುವು ಇಲ್ಲದ ಆದೇಶ

ಮಂಗಳೂರಿನಲ್ಲಿ ಸೇವಾ ಪ್ರಕರಣಗಳನ್ನು, ಅಂದರೆ ನೌಕರರ ಸಂಬಳ, ಪಿಂಚಣಿಯಂಥ ವ್ಯಾಜ್ಯಗಳನ್ನು ನಡೆಸುವ ವಕೀಲ ನಾನು. ನನ್ನ ಕಚೇರಿಗೆ ಬರುವ ನಿವೃತ್ತರು ಹೆಚ್ಚಾಗಿ ಮೊದಲು ಕೇಳುವುದು, "ಆದೇಶ ಆಗಿ ಇಷ್ಟು ಸಮಯ ಆಯ್ತಲ್ಲ ವಕೀಲ್ರೇ, ನ್ಯಾಯಾಂಗ ನಿಂದನೆ ಹಾಕುವ ಅಲ್ವಾ?" ಹಾಕಬಹುದು. ಆದರೆ ಆ ಕೇಸು ನಿಲ್ಲುತ್ತದೋ ಬೀಳುತ್ತದೋ ಎನ್ನುವುದು ಸರ್ಕಾರಕ್ಕೆ ನಿರ್ದೇಶನ ಕೊಡಿ ಎಂದು ಹೈಕೋರ್ಟಿಗೆ ಹಾಕುವ ಮೂಲ ರಿಟ್ ಅರ್ಜಿಯಲ್ಲಿ ಏನು ಕೇಳಿದ್ದೆವು ಎಂಬಲ್ಲೇ ತೀರ್ಮಾನವಾಗಿರುತ್ತದೆ.

ಉಡುಪಿ ಕಡೆಯ ನಿವೃತ್ತ ಮಾಷ್ಟ್ರೊಬ್ಬರು ಹೈಕೋರ್ಟ್ ಆದೇಶ ಹಿಡಿದುಕೊಂಡು ಬಂದರು. ನಿವೃತ್ತಿಯಲ್ಲಿ ಒಮ್ಮೆಲೇ ಸಿಗುವ ಗ್ರಾಚ್ಯುಟಿ, ಬಳಸದೆ ಉಳಿದ ಗಳಿಕೆ ರಜೆಯ ನಗದೀಕರಣ ಎರಡೂ ಬಾಕಿ. ಆದೇಶದಲ್ಲಿ ಇದ್ದದ್ದು ಇಷ್ಟೇ: ಅವರ ಮನವಿಯನ್ನು ಕಾನೂನು ಪ್ರಕಾರ ಪರಿಗಣಿಸಬೇಕು. ಇಲಾಖೆಯ ಕಚೇರಿಯವರು ಪರಿಗಣಿಸಿದರು, ಸೇವಾ ಪುಸ್ತಕದಲ್ಲಿ ಆಕ್ಷೇಪಣೆ ಇದೆ ಎಂದು ಹಿಂಬರಹ (ಲಿಖಿತ ಉತ್ತರ) ಕೊಟ್ಟು ಕೈತೊಳೆದುಕೊಂಡರು. 1971ರ ನ್ಯಾಯಾಂಗ ನಿಂದನೆ ಕಾಯ್ದೆಯಲ್ಲಿ ಸಿವಿಲ್ ನಿಂದನೆ ಎಂದರೆ ಕೋರ್ಟ್ ಆದೇಶಕ್ಕೆ ಉದ್ದೇಶಪೂರ್ವಕ ಅವಿಧೇಯತೆ. ಪರಿಗಣಿಸಿ ಎಂದಲ್ಲಿ ಪರಿಗಣಿಸಿ ತಿರಸ್ಕರಿಸಿದರೆ ಅದನ್ನು ಅವಿಧೇಯತೆ ಎನ್ನುವುದು ಕಷ್ಟ. ಹಿಂಬರಹವನ್ನೇ ಪ್ರಶ್ನಿಸಿ ಹೊಸ ರಿಟ್ ಹಾಕಬೇಕಾಯಿತು. ಧಾರವಾಡ, ಕಲಬುರಗಿಯಲ್ಲಿ ಹೈಕೋರ್ಟ್ ಪೀಠಗಳಿವೆ. ನಮ್ಮ ಮಂಗಳೂರು, ಉಡುಪಿಯವರಿಗೆ ಇಂದಿಗೂ ಘಾಟಿ ಹತ್ತಿ ಬೆಂಗಳೂರೇ ಗತಿ. ಮಳೆಗಾಲದಲ್ಲಿ ಶಿರಾಡಿ ರಸ್ತೆ ಕುಸಿದರೆ ಆ ವಯಸ್ಸಿನವರ ಪಾಡು ನೋಡಲಾಗದು.

ಎರಡನೇ ಅರ್ಜಿಯಲ್ಲಿ ಪ್ರತಿಯೊಂದು ಬಾಬ್ತಿನ ಮೊತ್ತ, ಪಾವತಿಯ ಗಡುವು, ಬಡ್ಡಿದರ, ಬಡ್ಡಿ ಯಾವ ದಿನದಿಂದ ಎನ್ನುವುದನ್ನು ಬಿಡಿಸಿ ಕೇಳಿದೆವು. ಬಡ್ಡಿಯ ವಿಷಯದಲ್ಲಿ ನಾನು ಹಠಮಾರಿ. ಪಿಂಚಣಿ, ಗ್ರಾಚ್ಯುಟಿ ಸರ್ಕಾರ ಕೊಡುವ ದಾನವಲ್ಲ, ತಡಮಾಡಿದರೆ ಬಡ್ಡಿ ತೆರಲೇಬೇಕು ಎಂದು ಪದ್ಮನಾಭನ್ ನಾಯರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸುಮಾರು ನಾಲ್ಕು ದಶಕಗಳ ಹಿಂದೆಯೇ ಹೇಳಿದೆ. ಮೂಲ ಆದೇಶದಲ್ಲಿ ಬಡ್ಡಿ ಇಲ್ಲದಿದ್ದರೆ ನಿಂದನೆ ಅರ್ಜಿಯಲ್ಲಿ ಅದನ್ನು ಸೇರಿಸಲಾಗದು. ನಿಂದನೆ ಕೇಳುವ ಪೀಠ ಮೂಲ ಆದೇಶದ ಆಚೆ ಹೋಗುವುದಿಲ್ಲ.

ಈ ಬಾರಿ ಆದೇಶ ಗಡುವಿನೊಂದಿಗೇ ಬಂತು. ದೃಢೀಕೃತ ನಕಲನ್ನು ಕಚೇರಿಯ ಟಪಾಲು ವಿಭಾಗಕ್ಕೇ ಕೊಟ್ಟು, ನಮ್ಮ ಪ್ರತಿಯ ಮೇಲೆ ತಾರೀಖಿನ ಮೊಹರು ಹಾಕಿಸಿಕೊಂಡೆವು. ಆ ದಿನ ಕುರ್ಚಿಯಲ್ಲಿ ಯಾರಿದ್ದರು, ಆಮೇಲೆ ಯಾರು ವರ್ಗವಾಗಿ ಬಂದರು ಎಂಬುದನ್ನೂ ಬರೆದಿಟ್ಟೆವು. ನಿಂದನೆ ಅರ್ಜಿ ಹೋಗುವುದು ಅಧಿಕಾರಿಯ ಹೆಸರಿನ ಮೇಲೆ; ಆದೇಶ ತನಗೆ ತಲುಪಿಲ್ಲ ಎಂಬ ಉತ್ತರಕ್ಕೆ ದಾರಿ ಬಿಡಬಾರದು. ಮೇಲ್ಮನವಿ ಹಾಕಿದ್ದೇವೆ ಎಂಬುದೂ ಉತ್ತರವಲ್ಲ. ತಡೆಯಾಜ್ಞೆ ಸಿಕ್ಕಿರಬೇಕು.

ಗಡುವು ದಾಟಿತು, ನಿಂದನೆ ಅರ್ಜಿ ಹಾಕಿದೆವು. ನೋಟಿಸ್ ಮುಟ್ಟಿದ ಮೇಲೆ ಹಣ ಬಡ್ಡಿಸಮೇತ ಖಾತೆಗೆ ಬಂತು, ಅರ್ಜಿ ಮುಕ್ತಾಯವಾಯಿತು. ಕಾಯ್ದೆಯಲ್ಲಿ 6 ತಿಂಗಳವರೆಗೆ ಸಾದಾ ಸಜೆ, 2,000 ರೂಪಾಯಿವರೆಗೆ ದಂಡ ಇದೆ. ಮಾಷ್ಟ್ರು ಮೊದಲೇ ಹೇಳಿದ್ದರು: "ಯಾರಿಗೂ ಜೈಲಾಗುವುದು ಬೇಡ ಮಾರಾಯ್ರೆ, ನನ್ನ ದುಡ್ಡು ಬಂದ್ರೆ ಸಾಕು."

ಗಡುವು ಮುಗಿದ ಮೇಲೂ "ಇವತ್ತು ಕೊಡ್ತೇವೆ, ನಾಳೆ ಕೊಡ್ತೇವೆ" ಎಂಬ ಮಾತು ನಂಬಿ ಕೂತವರಿಗೆ ಇನ್ನೊಂದು ಸಂಗತಿ. ಅದೇ ಕಾಯ್ದೆಯ 20ನೇ ಕಲಮಿನ ಪ್ರಕಾರ ನಿಂದನೆ ಅರ್ಜಿಗೆ ಇರುವುದು 1 ವರ್ಷ. ಅಧಿಕಾರಿಯ ಬಾಯಿಮಾತಿನ ಭರವಸೆಯಿಂದ ಆ ಅವಧಿ ಮುಂದಕ್ಕೆ ಹೋಗುವುದಿಲ್ಲ.